ಪರದೆ ಮೇಲೆ ಓಡಾಡುವ ಕೋತಿ: ನಿಮ್ಮದೇ ಡೆಸ್ಕ್‌ಟಾಪ್ ಗೊಂಬೆ ಮಾಡಿಕೊಳ್ಳುವ ಬಗೆ

ದಾವಣಗೆರೆಯಲ್ಲಿ ನಾನು ಮದುವೆ ಪತ್ರಿಕೆ, ಬ್ಯಾನರ್ ಡಿಸೈನ್ ಮಾಡುವ ಅಂಗಡಿಯಲ್ಲಿ ಕೆಲಸ ಮಾಡುತ್ತೇನೆ. ಬೇಸಿಗೆ ರಜೆ ಶುರುವಾದಾಗಿನಿಂದ ಅಂಗಡಿಗೆ ಬರುವ ತಂದೆತಾಯಿಗಳು ಒಂದು ಹೊಸ ಪ್ರಶ್ನೆ ಕೇಳುತ್ತಿದ್ದಾರೆ. "ಮನೆ ಕಂಪ್ಯೂಟರ್‌ನಾಗೆ ಸಣ್ಣ ಗೊಂಬೆ ಓಡಾಡ್ತೈತ್ರೀ. ಹುಡುಗ ಹಾಕ್ಯಾನೆ. ಅದು ವೈರಸ್ಸಾ?" ಇನ್ನು ಕೆಲವರ ಮಕ್ಕಳು ಒಂದು ಹೆಜ್ಜೆ ಮುಂದೆ ಹೋಗಿದ್ದಾರೆ. ಬೇರೆಯವರು ಮಾಡಿದ ಗೊಂಬೆ ಅವರಿಗೆ ಬೇಡ, ತಾವೇ ಬರೆದದ್ದು ಪರದೆ ಮೇಲೆ ನಡೆಯಬೇಕು.

ನಮ್ಮ ಮನೆಯಲ್ಲೂ ಇದೇ ಕಥೆ. ರಜೆಗೆ ಬಂದಿರುವ ಅಕ್ಕನ ಮಗಳು ಎಂಟನೇ ಕ್ಲಾಸು. ಚಿತ್ರದುರ್ಗದ ಕೋಟೆ ನೋಡಿ ಬಂದ ಮರುದಿನವೇ ಅಲ್ಲಿನ ಕೋತಿಯೊಂದನ್ನು ಕಂಪ್ಯೂಟರ್‌ನಲ್ಲಿ ಬರೆದಳು. ಅದಕ್ಕೆ 'ಮಂಡಕ್ಕಿ' ಅಂತ ಹೆಸರಿಟ್ಟಳು. ಮಂಡಕ್ಕಿ ಹೇಗೆ ನಡೆಯಿತು, ಎಲ್ಲಿ ಎಡವಿತು ಎಂದು ಹೇಳುತ್ತಾ ಹೋದರೆ ಇಡೀ ವಿಷಯ ಅರ್ಥವಾಗುತ್ತದೆ.

ಇದು ಏನು, ಎಲ್ಲಿಂದ ಬಂತು?

ಮ್ಯಾಸ್ಕಾಟ್ ಎಂದರೆ ಗುರುತಿನ ಗೊಂಬೆ. ಅಮುಲ್ ಬೆಣ್ಣೆಯ ಚುಕ್ಕಿ ಫ್ರಾಕಿನ ಹುಡುಗಿ, ಏರ್ ಇಂಡಿಯಾದ ಮಹಾರಾಜ ಇವೆಲ್ಲ ಮ್ಯಾಸ್ಕಾಟ್‌ಗಳೇ. ಅಂಥ ಒಂದು ಗೊಂಬೆ ಕಂಪ್ಯೂಟರ್ ಪರದೆಯ ಮೇಲೆ ತಾನಾಗಿಯೇ ಓಡಾಡಿದರೆ ಅದು ಡೆಸ್ಕ್‌ಟಾಪ್ ಮ್ಯಾಸ್ಕಾಟ್. ನೀವು ಪತ್ರ ಟೈಪ್ ಮಾಡುತ್ತಿರುವಾಗ ಅದು ವಿಂಡೋದ ಅಂಚಿನ ಮೇಲೆ ಬಂದು ಕೂರುತ್ತದೆ, ಕಾಲು ಅಲ್ಲಾಡಿಸುತ್ತದೆ, ಪಕ್ಕದ ಗೋಡೆ ಹತ್ತುತ್ತದೆ. ಅದರಿಂದ ಕೆಲಸವೇನೂ ಆಗುವುದಿಲ್ಲ. ಸುಮ್ನೆ ಜೊತೆಗಿರುತ್ತದೆ, ಅಷ್ಟೇ.

ಇದು ಹೊಸದೇನಲ್ಲ. 1980ರ ದಶಕದಲ್ಲೇ ಜಪಾನಿನಲ್ಲಿ 'ನೆಕೊ' ಎಂಬ ಬೆಕ್ಕಿತ್ತು. ಜಪಾನಿ ಭಾಷೆಯಲ್ಲಿ ನೆಕೊ ಎಂದರೆ ಬೆಕ್ಕು ಅಂತಲೇ ಅರ್ಥ. ಮೌಸ್ ಬಾಣ ಎಲ್ಲಿ ಹೋದರೂ ಅದು ಹಿಂದೆ ಓಡುತ್ತಿತ್ತು, ಬಾಣ ನಿಂತರೆ ಅಲ್ಲೇ ಮಲಗುತ್ತಿತ್ತು. 1989ರಲ್ಲಿ ಆ ಬೆಕ್ಕು ಮ್ಯಾಕಿಂಟಾಷ್ ಕಂಪ್ಯೂಟರಿಗೂ ಬಂತು. ಆಫೀಸ್ 97 ಬಳಸಿದವರಿಗೆ ಕಣ್ಣು ಮಿಟುಕಿಸುವ ಪೇಪರ್ ಕ್ಲಿಪ್ ನೆನಪಿರಬೇಕು. ಅದೂ ಇದೇ ಬಳಗದ್ದು. ಆದರೆ ಅದು ಕೇಳದಿದ್ದರೂ ಸಲಹೆ ಕೊಡುತ್ತಿತ್ತು.

ಈಗ ಮಕ್ಕಳು ಹಾಕಿಕೊಳ್ಳುತ್ತಿರುವ ಗೊಂಬೆಗಳಲ್ಲಿ ಜಾಸ್ತಿ ಹೆಸರು ಮಾಡಿದ್ದು 'ಶಿಮೆಜಿ'. ಜಪಾನಿನ ಗ್ರೂಪ್ ಫಿನಿಟಿ ಎಂಬ ತಂಡದ ಯೂಕಿ ಯಮಾದಾ ಎಂಬುವರು ಇದನ್ನು ಜಾವಾ ಎಂಬ ಪ್ರೋಗ್ರಾಂ ಭಾಷೆಯಲ್ಲಿ ಬರೆದರು. ಶಿಮೆಜಿ ಎಂದರೆ ಅಲ್ಲಿ ಒಂದು ಬಗೆಯ ಅಣಬೆ, ಗುಂಪು ಗುಂಪಾಗಿ ಏಳುತ್ತದೆ. ಈ ಗೊಂಬೆಯೂ ಬಿಟ್ಟರೆ ಒಂದರಿಂದ ಎರಡು, ಎರಡರಿಂದ ನಾಲ್ಕು ಆಗುತ್ತದೆ. ಇದನ್ನೇ ಇಂಗ್ಲಿಷಿಗೆ ಒಗ್ಗಿಸಿ ಬೆಳೆಸಿದ ರೂಪಕ್ಕೆ 'ಶಿಮೆಜಿ-ಇಇ' ಎಂದು ಹೆಸರು. ವಿಂಡೋಸ್ ಕಂಪ್ಯೂಟರ್‌ಗಳಲ್ಲಿ ಹೆಚ್ಚಾಗಿ ಬಳಕೆಯಲ್ಲಿರುವುದು ಇದೇ. ಮುಂದೆ ಹೇಳುವುದೆಲ್ಲ ಇದರ ಲೆಕ್ಕದಲ್ಲೇ.

ಟೆಂಪ್ಲೇಟ್ ಅಂದರೇನು?

ಮದುವೆ ಪತ್ರಿಕೆ ಮಾಡಿಸಲು ಬಂದವರಿಗೆ ನಾವು ಪ್ರತಿ ಸಲ ಹೊಸದಾಗಿ ಗಣಪತಿ ಬರೆಯುವುದಿಲ್ಲ. ಗಣಪತಿ, ತೋರಣ, ಬಾರ್ಡರ್ ಎಲ್ಲ ತಮ್ಮ ತಮ್ಮ ಜಾಗದಲ್ಲಿ ಮೊದಲೇ ಇರುತ್ತವೆ. ವಧು ವರರ ಹೆಸರು, ಮುಹೂರ್ತ, ಛತ್ರದ ವಿಳಾಸ ಬದಲಾಯಿಸಿದರೆ ಆಯಿತು. ಯಾವ ಸಾಲು ಎಲ್ಲಿ ಬರಬೇಕು ಎಂಬುದು ಗಟ್ಟಿ, ಒಳಗಿನದು ನಿಮ್ಮದು.

ಗೊಂಬೆಯ ಟೆಂಪ್ಲೇಟ್ ಕೂಡ ಹೀಗೆಯೇ. ಅದರಲ್ಲಿ 46 ಪುಟ್ಟ ಚಿತ್ರಗಳಿರುತ್ತವೆ. ಪ್ರತಿಯೊಂದೂ 128 ಪಿಕ್ಸೆಲ್ ಅಗಲ, 128 ಪಿಕ್ಸೆಲ್ ಎತ್ತರ. ಪಿಕ್ಸೆಲ್ ಎಂದರೆ ಪರದೆಯ ಒಂದು ಚುಕ್ಕಿ. ಒಂದೊಂದು ಚಿತ್ರಕ್ಕೂ ಒಂದೊಂದು ನಂಬರು, ಒಂದೊಂದು ನಂಬರಿಗೂ ಒಂದು ಭಂಗಿ. 1ನೇ ನಂಬರು ನಿಂತಿರುವುದು. 2 ಮತ್ತು 3 ಹೆಜ್ಜೆ ಇಡುವುದು. 4 ಬೀಳುತ್ತಿರುವುದು. 12ರಿಂದ 14 ಗೋಡೆ ಹತ್ತುವುದು, 23ರಿಂದ 25 ಸೂರಿಗೆ ಜೋತು ಹೋಗುವುದು. ನೀವು ಭಂಗಿಯನ್ನು ಹಾಗೇ ಇಟ್ಟುಕೊಂಡು, ಅದರ ಮೇಲೆ ನಿಮ್ಮ ಗೊಂಬೆಯನ್ನು ಬರೆಯುತ್ತೀರಿ. ಹೆಸರು, ನಂಬರು, ಅಳತೆ ಬದಲಾಗಬಾರದು.

ಹೀಗೆ ಮಾಡುವುದರಿಂದ ದೊಡ್ಡ ಲಾಭವೊಂದಿದೆ. ಪ್ರೋಗ್ರಾಂ ಬರೆಯಲು ಒಂದಕ್ಷರ ಬರದಿದ್ದರೂ ನಡೆಯುತ್ತದೆ. ನಡೆಯುವ, ಹತ್ತುವ, ಬೀಳುವ ಲೆಕ್ಕವೆಲ್ಲ ಆಗಲೇ ಬರೆದಿಟ್ಟಿದ್ದಾರೆ. 12ನೇ ನಂಬರಿನ ಜಾಗದಲ್ಲಿ ಕೋತಿ ಇಟ್ಟರೆ ಕೋತಿ ಗೋಡೆ ಹತ್ತುತ್ತದೆ, ಬೆಣ್ಣೆ ದೋಸೆಗೆ ಕೈಕಾಲು ಬರೆದು ಇಟ್ಟರೆ ಬೆಣ್ಣೆ ದೋಸೆಯೇ ಹತ್ತುತ್ತದೆ. ಕಂಪ್ಯೂಟರಿಗೆ ಎರಡೂ ಒಂದೇ.

ನಿಂತ ಚಿತ್ರ ನಡೆಯುವುದು ಹೇಗೆ?

ಮಂಡಕ್ಕಿ ನಡೆಯುವುದಕ್ಕೆ ಬೇಕಾಗಿದ್ದು ಮೂರೇ ಚಿತ್ರ. ಇದನ್ನು ಹೇಳಿದರೆ ಯಾರೂ ಬೇಗ ನಂಬುವುದಿಲ್ಲ. ಬಿಡಿಸಿ ನೋಡೋಣ.

ಪ್ರೋಗ್ರಾಂ ಮೊದಲು 1ನೇ ಚಿತ್ರ ತೋರಿಸುತ್ತದೆ, ಕೋತಿ ನೆಟ್ಟಗೆ ನಿಂತಿದೆ. ಆಮೇಲೆ 2ನೆಯದು, ಒಂದು ಕಾಲು ಮುಂದೆ. ಮತ್ತೆ 1. ಆಮೇಲೆ 3, ಇನ್ನೊಂದು ಕಾಲು ಮುಂದೆ. ಮತ್ತೆ ಮೊದಲಿನಿಂದ. ನಿಂತ ಚಿತ್ರ ಪ್ರತಿ ಹೆಜ್ಜೆಯ ನಡುವೆ ಬರುವುದರಿಂದ ಕಾಲು ಬದಲಾದ ಹಾಗೆ ಕಣ್ಣಿಗೆ ಅನ್ನಿಸುತ್ತದೆ.

ಇನ್ನು ವೇಗ. ಶಿಮೆಜಿಯ ಗಡಿಯಾರ ಸೆಕೆಂಡಿಗೆ 25 ಸಲ ಬಡಿಯುತ್ತದೆ. ಅಂದರೆ ಒಂದು ಬಡಿತಕ್ಕೆ 40 ಮಿಲಿಸೆಕೆಂಡು. ನಡಿಗೆಯಲ್ಲಿ ಪ್ರತಿ ಚಿತ್ರ 6 ಬಡಿತದ ಹೊತ್ತು ಇರುತ್ತದೆ, ಹತ್ತಿರ ಹತ್ತಿರ ಕಾಲು ಸೆಕೆಂಡು. ನಾಲ್ಕು ಚಿತ್ರ ಮುಗಿಯುವ ಹೊತ್ತಿಗೆ ಒಂದು ಸೆಕೆಂಡು ಆಗುತ್ತದೆ. ಪ್ರತಿ ಬಡಿತಕ್ಕೂ ಗೊಂಬೆಯನ್ನು 2 ಪಿಕ್ಸೆಲ್ ಪಕ್ಕಕ್ಕೆ ಸರಿಸುತ್ತಾರೆ. 1366 ಪಿಕ್ಸೆಲ್ ಅಗಲದ ಸಾಧಾರಣ ಲ್ಯಾಪ್‌ಟಾಪಿನಲ್ಲಿ ಮಂಡಕ್ಕಿ ಈ ತುದಿಯಿಂದ ಆ ತುದಿಗೆ ಹೋಗಲು ಸುಮಾರು ಅರ್ಧ ನಿಮಿಷ ಬೇಕು. ಓಡುವುದಕ್ಕೂ ಇದೇ ಮೂರು ಚಿತ್ರ ಸಾಕು. ಬಡಿತಕ್ಕೆ 4 ಪಿಕ್ಸೆಲ್ ಸರಿಸಿ, ಚಿತ್ರ ಬೇಗ ಬೇಗ ಬದಲಾಯಿಸಿದರೆ ಅದು ಓಟ.

ಗೋಡೆ ಹತ್ತುವುದಕ್ಕೆ ಮಾತ್ರ ಸ್ವಲ್ಪ ತಲೆ ಓಡಿಸಬೇಕು. ನಮ್ಮ ಹುಡುಗಿ ಮೊದಲು ಬರೆದದ್ದು ಸರಿ ಬರಲಿಲ್ಲ. ಕೋತಿ ಗೋಡೆಗೆ ಅಂಟಿಸಿದ ಸ್ಟಿಕ್ಕರ್ ಮೇಲಕ್ಕೆ ಜಾರಿದ ಹಾಗೆ ಕಾಣುತ್ತಿತ್ತು. ಹಗ್ಗವಿಲ್ಲದೆ ಚಿತ್ರದುರ್ಗದ ಕೋಟೆ ಗೋಡೆ ಹತ್ತುವ ಜ್ಯೋತಿರಾಜ್ ಇದ್ದಾರಲ್ಲ, ಎಲ್ಲರೂ ಕೋತಿರಾಜ್ ಅಂತ ಕರೆಯುವವರು, ಅವರ ವಿಡಿಯೋವನ್ನು ನಿಲ್ಲಿಸಿ ನಿಲ್ಲಿಸಿ ನೋಡಿದೆವು. ಒಂದು ಕೈ ಮೇಲೆ ಹೋದಾಗ ಇನ್ನೊಂದು ಕೈ ಗಟ್ಟಿ ಹಿಡಿದಿರುತ್ತದೆ, ಮೈ ಗೋಡೆಗೆ ಒತ್ತಿಕೊಂಡಿರುತ್ತದೆ, ಮೊಣಕಾಲು ಹೊರಕ್ಕೆ ಬಾಗಿರುತ್ತದೆ. 13ನೆಯದರಲ್ಲಿ ಬಲಗೈ ಮೇಲೆ, 14ರಲ್ಲಿ ಎಡಗೈ ಮೇಲೆ, ಇವೆರಡರ ನಡುವೆ ಬರುವ 12ರಲ್ಲಿ ಎರಡೂ ಕೈ ಸಮ ಎಂದು ತಿದ್ದಿ ಬರೆದಳು. ಕೋತಿ ಹತ್ತತೊಡಗಿತು.

ಯಾವಾಗ ಏನು ಮಾಡಬೇಕೆಂದು ಗೊಂಬೆಗೆ ಹೇಗೆ ಗೊತ್ತು?

ಚಿತ್ರಗಳ ಜೊತೆ ಎರಡು ಬರಹದ ಕಡತಗಳಿರುತ್ತವೆ, ನೋಟ್‌ಪ್ಯಾಡಿನಲ್ಲೇ ತೆರೆಯಬಹುದು. ಒಂದರ ಹೆಸರು 'ಆಕ್ಷನ್ಸ್'. ನಡೆಯುವುದು ಎಂದರೆ ಯಾವ ಚಿತ್ರ, ಎಷ್ಟು ಹೊತ್ತು, ಎಷ್ಟು ಸರಿಯಬೇಕು ಎಂಬುದು ಅದರಲ್ಲಿದೆ. ಇನ್ನೊಂದರ ಹೆಸರು 'ಬಿಹೇವಿಯರ್ಸ್'. ಯಾವ ಕೆಲಸವನ್ನು ಎಲ್ಲಿ, ಎಷ್ಟು ಸಲ ಮಾಡಬೇಕು ಎಂಬುದು ಇದರಲ್ಲಿದೆ.

ಎರಡನೆಯದು ಚೀಟಿ ಎತ್ತಿದ ಹಾಗೆ. ಒಂದು ಕೆಲಸ ಮುಗಿದ ಕೂಡಲೇ ಪ್ರೋಗ್ರಾಂ ಡಬ್ಬಿಯಿಂದ ಒಂದು ಚೀಟಿ ಎತ್ತುತ್ತದೆ. ಚೀಟಿಯಲ್ಲಿ 'ಕೂತ್ಕೋ' ಎಂದಿದ್ದರೆ ಕೂರುತ್ತದೆ, 'ಓಡು' ಎಂದಿದ್ದರೆ ಓಡುತ್ತದೆ. 'ನಡಿ' ಎಂಬ ಚೀಟಿ 100 ಇದ್ದು, 'ಕೂತ್ಕೋ' 200 ಇದ್ದರೆ ಕೂರುವುದು ನಡೆಯುವುದರ ಎರಡು ಪಟ್ಟು. ಈ ಲೆಕ್ಕಕ್ಕೆ ಅಲ್ಲಿ 'ಫ್ರೀಕ್ವೆನ್ಸಿ' ಎಂಬ ಹೆಸರಿದೆ. ಸೊನ್ನೆ ಹಾಕಿದರೆ ಆ ಚೀಟಿ ಡಬ್ಬಿಯಲ್ಲೇ ಇಲ್ಲ ಎಂದರ್ಥ. ಜೊತೆಗೆ ಷರತ್ತುಗಳೂ ಇವೆ. ಗೋಡೆ ಮೇಲಿರುವಾಗ ಗೋಡೆಯ ಚೀಟಿಗಳಷ್ಟೇ ಬರುತ್ತವೆ, ನೆಲದ ಮೇಲೆ ನೆಲದವು.

ಸೋಮಾರಿ ಕೋತಿ ಬೇಕೋ ತುಂಟ ಕೋತಿ ಬೇಕೋ ಎಂಬುದು ಈ ಅಂಕಿಗಳಲ್ಲೇ ಇದೆ. ನನ್ನ ಮಟ್ಟಿಗೆ ಇಡೀ ಕೆಲಸದಲ್ಲಿ ಇದೇ ಚೆಂದದ ಭಾಗ. ಬರೆದ ಚಿತ್ರಕ್ಕೆ ಸ್ವಭಾವ ಕೊಡುವುದು ಇಲ್ಲಿ. ಒಂದು ಎಚ್ಚರ: ಬೀಳುವುದು, ಎತ್ತಿ ಹಿಡಿಯುವುದು, ಎಸೆಯುವುದು, ಮೌಸ್ ಹಿಂದೆ ಹೋಗುವುದು, ಈ ನಾಲ್ಕನ್ನು ಅಳಿಸಬೇಡಿ. ಇವಿಲ್ಲದೆ ಪ್ರೋಗ್ರಾಂ ಕೆಲಸ ಮಾಡುವುದಿಲ್ಲ. ಅಂಕಿ ತಿದ್ದುವ ಮೊದಲು ಕಡತದ ಒಂದು ಪ್ರತಿ ತೆಗೆದಿಡಿ.

ಮೌಸಿನಿಂದ ಎತ್ತಿದಾಗ ಗೊಂಬೆ ಜೋಲಾಡುವುದನ್ನು ಗಮನಿಸಿ. ಮೌಸ್ ಬೇಗ ಎಡಕ್ಕೆ ಹೋದರೆ ಕಾಲು ಬಲಕ್ಕೆ ಉಳಿಯುತ್ತದೆ, ಹಗ್ಗದ ಮೇಲೆ ಒಣಹಾಕಿದ ಟವೆಲ್ ಗಾಳಿಗೆ ಓಲಾಡಿದ ಹಾಗೆ. ಕೈ ಇರುವ ಜಾಗಕ್ಕೂ ಕಾಲು ಉಳಿದ ಜಾಗಕ್ಕೂ ಎಷ್ಟು ದೂರ ಎಂದು ನೋಡಿ ಪ್ರೋಗ್ರಾಂ 7ರಿಂದ 10ರ ಒಳಗಿನ ಒಂದು ಚಿತ್ರವನ್ನು ಆರಿಸುತ್ತದೆ. ನೆಟ್ಟಗಿದ್ದರೆ 1ನೆಯದು. ಹಿಡಿದುಕೊಂಡೇ ಇದ್ದರೆ 5 ಮತ್ತು 6ನ್ನು ಒಂದಾದ ಮೇಲೊಂದು ತೋರಿಸುತ್ತದೆ. ಆಗ ಗೊಂಬೆ ಬಿಡಿಸಿಕೊಳ್ಳಲು ಒದ್ದಾಡಿದ ಹಾಗೆ ಕಾಣುತ್ತದೆ.

ಬರೆಯಲು ಏನು ಬೇಕು?

ಚಿತ್ರ ಬರೆಯಲು ಬಿಟ್ಟಿಯಾಗಿ ಸಿಗುವ ಕ್ರಿತಾ ಅಥವಾ ಜಿಂಪ್ ಎಂಬ ಪ್ರೋಗ್ರಾಂ ಸಾಕು. ಪೆನ್ ಟ್ಯಾಬ್ಲೆಟ್ ಇದ್ದರೆ ಸಲೀಸು, ಇಲ್ಲದಿದ್ದರೆ ಮೌಸ್. ಕಾಗದದ ಮೇಲೆ ಬರೆದು, ಫೋನಿನಲ್ಲಿ ಫೋಟೋ ತೆಗೆದು, ಅದರ ಮೇಲೆ ತಿದ್ದಿದರೂ ಆಗುತ್ತದೆ.

ಚಿತ್ರ ಪಿಎನ್‌ಜಿ ರೂಪದಲ್ಲೇ ಇರಬೇಕು. ಕಾರಣ ಸರಳ. ಕೋತಿಯ ಸುತ್ತಲಿನ ಜಾಗ ಖಾಲಿ ಇರಬೇಕು, ಅದರ ಮೂಲಕ ಹಿಂದಿನ ಪರದೆ ಕಾಣಬೇಕು. ಇದನ್ನು ಪಾರದರ್ಶಕ ಹಿನ್ನೆಲೆ ಎನ್ನುತ್ತಾರೆ. ಫೋಟೋಗಳಿಗೆ ಬಳಸುವ ಜೆಪಿಜಿ ರೂಪದಲ್ಲಿ 'ಖಾಲಿ' ಎಂಬುದೇ ಇಲ್ಲ, ಏನಾದರೊಂದು ಬಣ್ಣ ತುಂಬಲೇಬೇಕು. ಜೆಪಿಜಿಯನ್ನೇ ಪಿಎನ್‌ಜಿ ಮಾಡಿದರೂ ಆ ಬಣ್ಣ ಹೋಗುವುದಿಲ್ಲ. ಆಗ ಕೋತಿಯ ಜೊತೆ ಬಿಳಿ ಚೌಕವೂ ನಡೆದುಕೊಂಡು ಹೋಗುತ್ತದೆ. ಹಳೆಯ ಪೇಂಟ್ ಪ್ರೋಗ್ರಾಮಿನಲ್ಲೂ ಇದೇ ತೊಂದರೆ.

ಮೊದಲ ಸಲ ಎಲ್ಲರೂ ಎಡವುವ ಜಾಗಗಳು

"ಮಾಮಾ, ಇದರ ಕಾಲು ನೆಲಕ್ಕೆ ತಾಗ್ತಾನೇ ಇಲ್ಲ ನೋಡು!" ಮಂಡಕ್ಕಿ ಮೊದಲ ಸಲ ನಡೆದಾಗ ಬಂದ ಮಾತು ಇದು. ಕೋತಿ ಕೆಳಗಿನ ಪಟ್ಟಿಗಿಂತ ಒಂದು ಕಡ್ಡಿಯಷ್ಟು ಮೇಲೆ, ಗಾಳಿಯಲ್ಲಿ ನಡೆಯುತ್ತಿತ್ತು.

ಚಿತ್ರವನ್ನು ದೊಡ್ಡದು ಮಾಡಿ ನೋಡಿದೆವು. ಪಾದದ ಕೆಳಗೆ 9 ಸಾಲು ಪಿಕ್ಸೆಲ್ ಖಾಲಿ ಉಳಿದಿತ್ತು. ಬರೆಯುವಾಗ ಕಾಗದದಲ್ಲಿ ಬಿಡುವ ಹಾಗೆ ಕೆಳಗೆ ಒಂಚೂರು ಜಾಗ ಬಿಟ್ಟಿದ್ದಳು. ಆದರೆ ಪ್ರೋಗ್ರಾಮಿನ ಲೆಕ್ಕ ಬೇರೆ. ಗೊಂಬೆ ನೆಲಕ್ಕೆ ತಾಗುವ ಬಿಂದು ಎಡದಿಂದ 64, ಮೇಲಿನಿಂದ 128 ಎಂದು ಅದು ಹಿಡಿದುಕೊಂಡಿರುತ್ತದೆ. ಅಂದರೆ ಚೌಕದ ತಳದ ಅಂಚಿನ ನಟ್ಟನಡುವೆ. ಇದಕ್ಕೆ ಆಂಕರ್ ಎಂದು ಹೆಸರು, ಲಂಗರು ಇದ್ದ ಹಾಗೆ. ಪಾದ ಆ ಅಂಚಿಗೇ ತಾಗಿರಬೇಕು. ಎಲ್ಲ ಚಿತ್ರವನ್ನೂ 9 ಪಿಕ್ಸೆಲ್ ಕೆಳಗೆ ಇಳಿಸಿದಳು, ಕೋತಿ ನೆಲಕ್ಕೆ ಬಂತು. ಚಿತ್ರ ಮುಟ್ಟದೆ, 'ಆಕ್ಷನ್ಸ್' ಕಡತದಲ್ಲಿ ಆಂಕರ್ 128 ಇರುವಲ್ಲಿ 119 ಎಂದು ಬರೆದಿದ್ದರೂ ನಡೆಯುತ್ತಿತ್ತು.

ಇನ್ನೊಂದು, ಎಡ ಬಲದ ವಿಷಯ. ಟೆಂಪ್ಲೇಟಿನಲ್ಲಿ ಗೊಂಬೆಯ ಮುಖ ಎಡಕ್ಕಿರುತ್ತದೆ. ಬಲಕ್ಕೆ ತಿರುಗಬೇಕಾದಾಗ ಪ್ರೋಗ್ರಾಂ ಅದೇ ಚಿತ್ರವನ್ನು ಕನ್ನಡಿಯಲ್ಲಿ ಕಂಡ ಹಾಗೆ ತಿರುವಿ ಹಾಕುತ್ತದೆ. ಇದರಿಂದ ನಿಮ್ಮ ಅರ್ಧ ಕೆಲಸ ಉಳಿಯುತ್ತದೆ. ಆದರೆ ಅಂಗಿಯ ಮೇಲೆ 'ದಾವಣಗೆರೆ' ಅಂತ ಬರೆದಿದ್ದರೆ ಬಲಕ್ಕೆ ತಿರುಗಿದಾಗ ಅಕ್ಷರ ಉಲ್ಟಾ ಆಗುತ್ತದೆ. ಮೊದಲ ಗೊಂಬೆಗೆ ಅಕ್ಷರ ಬೇಡ, ಒಂದೇ ಕಿವಿಗೆ ಓಲೆಯೂ ಬೇಡ. ಮುಂದೆ ಬೇಕೇ ಬೇಕು ಅನ್ನಿಸಿದರೆ ಬಲಬದಿಗೆ ಬೇರೆ ಚಿತ್ರ ಕೊಡುವ ದಾರಿಯೂ ಶಿಮೆಜಿ-ಇಇಯಲ್ಲಿದೆ.

ಅಂಚಿನ ಬಿಳಿ ಗೆರೆಯೂ ಕಾಡುತ್ತದೆ. ಬಿಳಿ ಹಾಳೆಯ ಮೇಲೆ ಬರೆದು ಆಮೇಲೆ ಬಿಳಿಯನ್ನು ಅಳಿಸಿದರೆ ಗೆರೆಯ ಸುತ್ತ ಒಂದು ತೆಳು ಬಿಳಿ ಪಟ್ಟಿ ಉಳಿದುಬಿಡುತ್ತದೆ. ಕಪ್ಪು ವಾಲ್‌ಪೇಪರ್ ಮೇಲೆ ಅದು ಎದ್ದು ಕಾಣುತ್ತದೆ. ಶುರುವಿನಿಂದಲೇ ಖಾಲಿ ಪದರದ (ಲೇಯರ್) ಮೇಲೆ ಬರೆಯಿರಿ. ಹೊರಗೆರೆ ಒಂದು ಪದರ, ಬಣ್ಣ ಅದರ ಕೆಳಗೆ ಇನ್ನೊಂದು ಪದರ.

ಕಡತದ ಹೆಸರಂತೂ ಟೆಂಪ್ಲೇಟಿನಲ್ಲಿದ್ದ ಹಾಗೇ, ಇಂಗ್ಲಿಷ್ ಅಕ್ಷರದಲ್ಲೇ ಇರಬೇಕು. ಹೆಸರಿನಲ್ಲಿ ಒಂದು ಜಾಗ ಜಾಸ್ತಿಯಾದರೂ ಪ್ರೋಗ್ರಾಮಿಗೆ ಚಿತ್ರ ಸಿಗುವುದಿಲ್ಲ.

ಕೆಲಸದ ಕ್ರಮ

46ನ್ನೂ ಬರೆದು ಮುಗಿಸಿ ಆಮೇಲೆ ನೋಡುತ್ತೇನೆ ಎಂದು ಕೂರಬೇಡಿ. ಮೊದಲು ಟೆಂಪ್ಲೇಟಿನ ಫೋಲ್ಡರಿನ ಒಂದು ಪ್ರತಿ ಮಾಡಿ, ಅದಕ್ಕೆ ನಿಮ್ಮ ಗೊಂಬೆಯ ಹೆಸರಿಡಿ. ಚಿತ್ರಗಳಿಗೆಂದೇ ಇರುವ ಫೋಲ್ಡರಿನ ಒಳಗೆ ಅದನ್ನು ಇಡಿ. 1, 2, 3ನೇ ಚಿತ್ರಗಳನ್ನು ಮಾತ್ರ ನಿಮ್ಮವಾಗಿ ಬದಲಾಯಿಸಿ. ಪ್ರೋಗ್ರಾಂ ಶುರು ಮಾಡಿ ಗೊಂಬೆಯನ್ನು ಆರಿಸಿಕೊಳ್ಳಿ. ಇದಕ್ಕೆ ಕಂಪ್ಯೂಟರಿನಲ್ಲಿ ಜಾವಾ ಇರಬೇಕು. ನಡೆಯುವಾಗ ನಿಮ್ಮ ಕೋತಿ, ಕೂತಾಗ ಟೆಂಪ್ಲೇಟಿನ ಗೊಂಬೆ ಕಾಣುತ್ತದೆ, ಚಿಂತೆಯಿಲ್ಲ. ಕಾಲು ನೆಲಕ್ಕೆ ತಾಗಿದೆಯೇ, ಗಾತ್ರ ಸರಿಯಿದೆಯೇ ಎಂಬುದು ಮೂರೇ ಚಿತ್ರದಲ್ಲಿ ಗೊತ್ತಾಗುತ್ತದೆ. ತಪ್ಪಿದ್ದರೆ ಮೂರನ್ನೇ ತಿದ್ದಿದರೆ ಸಾಕು.

ಆಮೇಲೆ ಬೀಳುವುದು, ಕೂರುವುದು, ಎತ್ತಿದಾಗಿನದು, ಗೋಡೆ, ಸೂರು. ತಲೆ ಗಿರಗಿರ ತಿರುಗಿಸುವುದಕ್ಕೆ 8 ಚಿತ್ರ ಬೇಕು, ಅದನ್ನು ಕಡೆಗೆ ಇಟ್ಟುಕೊಳ್ಳಿ. ದಿನಕ್ಕೆ ಮೂರು ನಾಲ್ಕು ಬರೆದರೆ ಎರಡು ವಾರದಲ್ಲಿ ಮುಗಿಯುತ್ತದೆ.

ಹಾಗಾದರೆ ಇದು ವೈರಸ್ಸಾ?

ಗೊಂಬೆಯೇ ವೈರಸ್ ಅಲ್ಲ. ಕಂಪ್ಯೂಟರಿನ ಕಣ್ಣಲ್ಲಿ ಅದು ಚೌಕಟ್ಟಿಲ್ಲದ, ಹಿನ್ನೆಲೆಯಿಲ್ಲದ, ಎಲ್ಲಕ್ಕಿಂತ ಮೇಲೆ ನಿಲ್ಲುವ ಒಂದು ಪುಟ್ಟ ವಿಂಡೋ. ಬೇರೆ ವಿಂಡೋಗಳ ಅಂಚು ಎಲ್ಲಿದೆ ಎಂದು ಕೇಳಿ ತಿಳಿದುಕೊಳ್ಳುತ್ತದೆ, ಅದರ ಮೇಲೆ ಕೂರುತ್ತದೆ. 46 ಚಿತ್ರಗಳೂ ಸೇರಿ ಮೆಮೊರಿಯಲ್ಲಿ ಹಿಡಿಯುವುದು ಕೆಲವೇ ಎಂಬಿ. ಆದರೆ ಗೊಂಬೆ ಹೆಚ್ಚುತ್ತಾ ಹೋದರೆ ಹಳೆಯ ಕಂಪ್ಯೂಟರ್ ನಿಧಾನವಾಗುತ್ತದೆ. ಅದಕ್ಕೇ ಮರಿ ಮಾಡುವುದನ್ನು ನಿಲ್ಲಿಸುವ ಆಯ್ಕೆ ಮೆನುವಿನಲ್ಲಿದೆ. ಕೆಲವೊಮ್ಮೆ ಗೊಂಬೆ ವಿಂಡೋವನ್ನೇ ಎತ್ತಿ ಪರದೆಯಾಚೆ ಎಸೆಯುತ್ತದೆ. ಅದನ್ನು ಮರಳಿ ತರುವ ಆಯ್ಕೆಯೂ ಅಲ್ಲೇ ಇದೆ. ಕಡತ ಯಾವುದೂ ಅಳಿಯುವುದಿಲ್ಲ.

ಅಪಾಯ ಇರುವುದು ಎಲ್ಲಿಂದ ಇಳಿಸಿಕೊಳ್ಳುತ್ತೀರಿ ಎಂಬುದರಲ್ಲಿ. ಇದಕ್ಕೆ ಹಳೆಯ ಉದಾಹರಣೆಯೊಂದಿದೆ. 2000ದ ಆಸುಪಾಸಿನಲ್ಲಿ 'ಬೊಂಜಿಬಡ್ಡಿ' ಎಂಬ ನೇರಳೆ ಬಣ್ಣದ ಗೊರಿಲ್ಲಾ ಪರದೆ ಮೇಲೆ ಮಾತಾಡುತ್ತಾ, ಜೋಕ್ ಹೇಳುತ್ತಾ ಮಕ್ಕಳನ್ನು ಸೆಳೆಯಿತು. ಒಳಗಿಂದೊಳಗೆ ಜಾಹೀರಾತು ತುರುಕುತ್ತಿತ್ತು. ಮಕ್ಕಳ ಮಾಹಿತಿಯನ್ನು ತಂದೆತಾಯಿಯ ಒಪ್ಪಿಗೆಯಿಲ್ಲದೆ ಸಂಗ್ರಹಿಸಿದ ದೂರಿನ ಮೇಲೆ ಅದರ ಕಂಪನಿ 2004ರಲ್ಲಿ ಅಮೆರಿಕದಲ್ಲಿ 75,000 ಡಾಲರ್ ದಂಡ ಕಟ್ಟಬೇಕಾಯಿತು.

ಬ್ರೌಸರಿಗೆ ಸೇರಿಸುವ ಗೊಂಬೆಗಳಿವೆ, ಅವುಗಳ ಬಗ್ಗೆ ಇನ್ನೂ ಜಾಸ್ತಿ ಹುಷಾರಾಗಿರಿ. ಪ್ರತಿ ಪುಟದ ಮೇಲೂ ಗೊಂಬೆ ಕಾಣಬೇಕಾದರೆ ಪ್ರತಿ ಪುಟವನ್ನೂ ಓದುವ, ಬದಲಿಸುವ ಅನುಮತಿ ಅದು ಕೇಳುತ್ತದೆ. ಬ್ಯಾಂಕಿನ ಪುಟವೂ ಅದರಲ್ಲಿ ಬಂತು, ಅಲ್ವಾ? ಹಾಗಾಗಿ ಬ್ಯಾಂಕಿನ ಕೆಲಸ ಮಾಡುವ ಕಂಪ್ಯೂಟರಿನಲ್ಲಿ ಅಂಥದ್ದು ಬೇಡ. ಮಕ್ಕಳು ಯಾವುದನ್ನೇ ಇಳಿಸಿಕೊಂಡರೂ ಮೊದಲು ಆಂಟಿವೈರಸ್‌ನಿಂದ ನೋಡಿ. ಗೊಂಬೆಯ ಜೊತೆ ಬೇರೆ ಪ್ರೋಗ್ರಾಂ ಹಾಕಲೇ ಎಂದು ಕೇಳಿದರೆ ಅಲ್ಲೇ ನಿಲ್ಲಿಸಿ.

ಯಾರ ಗೊಂಬೆ, ಯಾರ ಹಕ್ಕು?

ಭಾರತದ 1957ರ ಕೃತಿಸ್ವಾಮ್ಯ ಕಾಯ್ದೆಯ ಪ್ರಕಾರ ಚಿತ್ರ ಬರೆದವರಿಗೆ ಅದರ ಹಕ್ಕು ತಾನಾಗಿಯೇ ಬರುತ್ತದೆ, ನೋಂದಣಿ ಮಾಡಿಸಲೇಬೇಕೆಂದಿಲ್ಲ. ಮಂಡಕ್ಕಿಯನ್ನು ಬರೆದ ಹುಡುಗಿಗೂ ಇದೇ ಅನ್ವಯಿಸುತ್ತದೆ. ಹಾಗೆಯೇ ಟಿವಿ ಕಾರ್ಟೂನಿನ ಪಾತ್ರವೊಂದನ್ನು ಬರೆದು ಗೊಂಬೆ ಮಾಡಿ ಹಂಚಿದರೆ, ಮಾರಿದರೆ, ಅದು ಇನ್ನೊಬ್ಬರ ಹಕ್ಕನ್ನು ಮುಟ್ಟಿದಂತೆ. ಟೆಂಪ್ಲೇಟನ್ನೂ ಯಾರೋ ಕೂತು ಬರೆದಿರುತ್ತಾರೆ. ಅದರ ಜೊತೆಗಿರುವ ಷರತ್ತು ಓದಿ, ಹೆಸರು ಹಾಕಿ ಎಂದಿದ್ದರೆ ಹಾಕಿ.

ಮಂಡಕ್ಕಿಯ 41 ಚಿತ್ರ ಮುಗಿದಿವೆ. ಉಳಿದಿರುವುದು 42ರಿಂದ 46, ಒಂದು ಕೋತಿ ಎರಡಾಗುವ ಐದು ಚಿತ್ರ. ಬಾಲ ಎಲ್ಲಿ ಸೀಳಬೇಕು ಎಂದು ಇವತ್ತು ಬೆಳಿಗ್ಗೆಯಿಂದ ಪೆನ್ಸಿಲ್ ಹಿಡಿದು ಕೂತಿದ್ದಾಳೆ.